ಕ್ಯಾಮೆರಾ ಕಣ್ಣಿಗೆ ಬೀಳದ ಪಟ್ಟು

1972ರ ಕೊನೆಯ ಭಾಗ. ಹಾಂಗ್‌ಕಾಂಗಿನ ಒಂದು ಮನೆಯೊಳಗೆ ಎಂಟು ಮಿಲಿಮೀಟರ್ ರೀಲಿನ ಸಣ್ಣ ಕ್ಯಾಮೆರಾ ಓಡುತ್ತಿತ್ತು. ಎದುರಿಗೆ ನಿಂತವರು ಇಪ್ ಮ್ಯಾನ್. ವಿಂಗ್ ಚುನ್ ಎಂಬ ಕುಂಗ್‌ಫು ಶೈಲಿಯ ಗುರು, ಹದಿಹರೆಯದ ಬ್ರೂಸ್ ಲೀಗೆ ಪಾಠ ಹೇಳಿದವರು. ವಯಸ್ಸು 79 ದಾಟುತ್ತಿತ್ತು, ಗಂಟಲಿನ ಕ್ಯಾನ್ಸರ್ ಮೈಯನ್ನು ಹಿಂಡಿಹಾಕಿತ್ತು. ಆದರೂ ಅವರು ಮೊದಲ ಎರಡು ವರಸೆಗಳನ್ನು, ಜೊತೆಗೆ ಮರದ ಬೊಂಬೆಯ ಮೇಲಿನ ವರಸೆಯನ್ನು ಕ್ಯಾಮೆರಾ ಮುಂದೆ ಮಾಡಿ ತೋರಿಸಿದರು. ಆ ವರ್ಷದ ಡಿಸೆಂಬರ್ 2ರಂದು ತೀರಿಕೊಂಡರು.

ಆ ಚಿತ್ರದಲ್ಲಿ ಧ್ವನಿಯಿಲ್ಲ. ವಿವರಣೆಯಿಲ್ಲ. ಬೆಳಕು ಮಂಕು, ಚಿತ್ರ ಮಸುಕು. ಹಾಗಿದ್ದೂ ಐವತ್ತು ವರ್ಷ ಕಳೆದ ಮೇಲೂ ಜಗತ್ತಿನ ನಾನಾ ಕಡೆಯ ವಿಂಗ್ ಚುನ್ ಶಾಲೆಗಳವರು ಅದನ್ನು ನಿಲ್ಲಿಸಿ, ಹಿಂದಕ್ಕೆ ತಿರುಗಿಸಿ, ಮತ್ತೆ ನೋಡುತ್ತಾರೆ. ಮೊಣಕೈ ಎಲ್ಲಿತ್ತು, ಮಣಿಕಟ್ಟು ಯಾವಾಗ ತಿರುಗಿತು ಎಂದು ವಾದಿಸುತ್ತಾರೆ. ಕುಂಗ್‌ಫು ಗೊತ್ತಿಲ್ಲದವರಿಗೆ ಅದೇ ರೀಲು ತೋರಿಸಿದರೆ ಅವರಿಗೆ ಕಾಣುವುದು ನಿಧಾನವಾಗಿ ಕೈಯಾಡಿಸುತ್ತಿರುವ ಒಬ್ಬ ಬಡಕಲು ಅಜ್ಜ, ಅಷ್ಟೇ.

ಸಮರಕಲೆಯನ್ನು ಕಲಿಸುವ ಚಿತ್ರಗಳನ್ನು ಮಾಡಹೊರಟವರೆಲ್ಲ ಎದುರಿಸುವ ಮೂಲ ತೊಡಕು ಈ ಅಂತರವೇ. ಕ್ಯಾಮೆರಾ ಆಕಾರವನ್ನು ಹಿಡಿಯುತ್ತದೆ. ಬಲವನ್ನು, ಭಾರವನ್ನು, ಎಳೆತವನ್ನು ಹಿಡಿಯುವುದಿಲ್ಲ. ಮೈಯಲ್ಲಿ ಆ ಬಲದ ನೆನಪು ಇದ್ದವನು ಆಕಾರ ನೋಡಿ ಉಳಿದದ್ದನ್ನು ತುಂಬಿಕೊಳ್ಳುತ್ತಾನೆ, ಇಲ್ಲದವನಿಗೆ ಆಕಾರವಷ್ಟೇ ಉಳಿಯುತ್ತದೆ.

ಇದಕ್ಕೆ ಪ್ರಯೋಗದ ಆಧಾರವೂ ಇದೆ. ಲಂಡನ್ನಿನಲ್ಲಿ ಬೆಯಾಟ್ರಿಸ್ ಕಾಲ್ವೊ-ಮೆರಿನೊ ಮತ್ತು ಸಂಗಡಿಗರು 2005ರಲ್ಲಿ ಪ್ರಕಟಿಸಿದ ಅಧ್ಯಯನವೊಂದರಲ್ಲಿ ಬ್ಯಾಲೆ ನರ್ತಕರಿಗೂ ಬ್ರೆಜಿಲಿನ ಸಮರಕಲೆಯಾದ ಕಾಪೊಯೆರಾ ಪಟುಗಳಿಗೂ ಎರಡೂ ಬಗೆಯ ಚಲನೆಗಳ ವಿಡಿಯೊ ತೋರಿಸಿ ಮಿದುಳಿನ ಸ್ಕ್ಯಾನ್ ತೆಗೆದರು. ಚಲನೆಗೆ ಸಂಬಂಧಪಟ್ಟ ಮಿದುಳಿನ ಭಾಗಗಳು ಅವರವರು ಪಳಗಿದ ಕಲೆಯನ್ನು ನೋಡುವಾಗ ಹೆಚ್ಚು ಚುರುಕಾದವು. ಕಣ್ಣಿಗೆ ಬಿದ್ದ ಚಿತ್ರ ಒಂದೇ, ನೋಡಿದ ಮೈಗಳು ಬೇರೆ ಬೇರೆ.

ಇನ್ನೊಂದು ಅಧ್ಯಯನ ಇದಕ್ಕಿಂತ ಹೆಚ್ಚು ಎಚ್ಚರಿಕೆ ಹೇಳುವಂಥದ್ದು. ಮೈಕಲ್ ಕಾರ್ಡಸ್ ಮತ್ತು ಎಡ್ ಓಬ್ರಿಯನ್ 2018ರಲ್ಲಿ ಪ್ರಕಟಿಸಿದ ಪ್ರಯೋಗಗಳಲ್ಲಿ ಜನರಿಗೆ ಮೇಜಿನ ಮೇಲಿನ ತಟ್ಟೆಗಳು ಅಲುಗದಂತೆ ಬಟ್ಟೆ ಎಳೆಯುವುದು, ಡಾರ್ಟ್ ಎಸೆಯುವುದು, ಮೂನ್‌ವಾಕ್ ಮಾಡುವುದು ಇಂಥ ಕಸರತ್ತುಗಳ ವಿಡಿಯೊ ತೋರಿಸಲಾಯಿತು. ಹೆಚ್ಚು ಸಲ ನೋಡಿದವರಿಗೆ ತಾವೂ ಮಾಡಬಲ್ಲೆವೆಂಬ ನಂಬಿಕೆ ಹೆಚ್ಚಿತು. ಮಾಡಿಸಿ ನೋಡಿದರೆ ಸಾಮರ್ಥ್ಯ ಮಾತ್ರ ಇದ್ದಲ್ಲೇ ಇತ್ತು. ಜಗ್ಲಿಂಗ್ ವಿಡಿಯೊ ನೋಡಿದವರ ಕೈಗೆ ಆ ಪಿನ್ನುಗಳನ್ನು ಸುಮ್ಮನೆ ಹಿಡಿಯಲು ಕೊಟ್ಟಾಗ ಅತಿಯಾದ ಆ ನಂಬಿಕೆ ಇಳಿಯಿತು. ಭಾರ ಕೈಗೆ ತಾಗಿದ ಕೂಡಲೇ ಮನಸ್ಸು ನೆಲಕ್ಕೆ ಬಂತು. ಮೂನ್‌ವಾಕ್ ವಿಷಯದಲ್ಲಿ ಇಂಥ ಭ್ರಮೆಯಿಂದ ಯಾರಿಗೂ ನಷ್ಟವಿಲ್ಲ. ಚಾಕು ಹಿಡಿದವನ ಕೈ ತಿರುಚುವ ವಿಡಿಯೊ ನೋಡಿದವನಿಗೆ ಅದೇ ಭ್ರಮೆ ಬಂದರೆ ಜೀವಕ್ಕೇ ಕುತ್ತು.

ಚಿತ್ರದ ಮೂಲಕ ಕಾಳಗ ಕಲಿಸುವ ಹಂಬಲ ಕ್ಯಾಮೆರಾಕ್ಕಿಂತ ಬಹಳ ಹಳೆಯದು. ಸುಮಾರು 1410ರ ಹೊತ್ತಿಗೆ ಇಟಲಿಯ ಕತ್ತಿವರಸೆ ಗುರು ಫಿಯೊರೆ ದೇಯ್ ಲಿಬೆರಿ ಫೆರ್ರಾರದ ದೊರೆಗಾಗಿ ಒಂದು ಸಚಿತ್ರ ಗ್ರಂಥ ರಚಿಸಿದ. ಅದರ ಒಂದು ಹಸ್ತಪ್ರತಿ ಈಗ ಲಾಸ್ ಏಂಜಲೀಸಿನ ಗೆಟ್ಟಿ ವಸ್ತುಸಂಗ್ರಹಾಲಯದಲ್ಲಿದೆ. ಒಬ್ಬರನ್ನೊಬ್ಬರು ತಬ್ಬಿ ಹೆಣಗುತ್ತಿರುವ ಇಬ್ಬರ ಚಿತ್ರದಲ್ಲಿ ಯಾರು ಪಟ್ಟು ಹಾಕುತ್ತಿದ್ದಾರೆ, ಯಾರ ಮೇಲೆ ಅದು ಬಿದ್ದಿದೆ ಎಂದು ಓದುಗನಿಗೆ ತಿಳಿಯುವುದು ಹೇಗೆ? ಫಿಯೊರೆ ಅದಕ್ಕೊಂದು ಉಪಾಯ ಕಂಡುಕೊಂಡ. ಕಾದಾಟ ಶುರುವಾಗುವ ನಿಲುವನ್ನು ತೋರಿಸುವ ಗುರುವಿನ ತಲೆಗೆ ಕಿರೀಟ. ಆ ನಿಲುವಿನಿಂದ ಪಟ್ಟು ಹಾಕುವ ಶಿಷ್ಯನ ಮೊಣಕಾಲ ಕೆಳಗೆ ಪಟ್ಟಿ. ಆ ಪಟ್ಟನ್ನು ಮುರಿಯುವವನಿಗೆ ಕಿರೀಟವೂ ಪಟ್ಟಿಯೂ ಎರಡೂ. ಪುಟ ತಿರುಗಿಸುತ್ತಿದ್ದಂತೆಯೇ ಪಾತ್ರಗಳು ಗೊತ್ತಾಗುತ್ತವೆ. ಆರು ನೂರು ವರ್ಷದ ಹಿಂದೆ ಒಬ್ಬ ಗುರು ನೋಡುವವನ ಗೊಂದಲವನ್ನು ಇಷ್ಟು ಚೆನ್ನಾಗಿ ಊಹಿಸಿದ್ದ ಎಂಬುದು ಸಣ್ಣ ಮಾತಲ್ಲ.

ಆದರೆ ನಿಂತ ಚಿತ್ರದಲ್ಲಿ ಮಧ್ಯದ ಹೆಜ್ಜೆ ಇರುವುದಿಲ್ಲ. ಹಿಡಿದದ್ದು ಕಾಣುತ್ತದೆ, ಬಿದ್ದದ್ದು ಕಾಣುತ್ತದೆ, ನಡುವೆ ಆದದ್ದು ಕಾಣುವುದಿಲ್ಲ. ಯುರೋಪಿನ ಹಳೆಯ ಕತ್ತಿವರಸೆಯನ್ನು ಇಂದು ಮರಳಿ ಕಟ್ಟುತ್ತಿರುವವರ ಬಹುಪಾಲು ಚರ್ಚೆ ಈ ನಡುವಿನ ಖಾಲಿ ಜಾಗದ ಸುತ್ತಲೇ ಸುತ್ತುತ್ತದೆ. ನಮ್ಮಲ್ಲೂ ಅದೇ ಕಥೆ. ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರ 12ನೇ ಶತಮಾನದಲ್ಲಿ ಬರೆಸಿದ ‘ಮಾನಸೋಲ್ಲಾಸ’ದಲ್ಲಿ ಮಲ್ಲವಿನೋದ ಎಂಬ ಭಾಗವಿದೆ. ಜಟ್ಟಿಗಳನ್ನು ಜ್ಯೇಷ್ಠಿಕ, ಅಂತರಜ್ಯೇಷ್ಠಿಕ, ಗೋವಳ ಎಂದೆಲ್ಲ ವಿಂಗಡಿಸಿ ಅವರ ಆಹಾರ, ಸಾಧನೆ, ಪಟ್ಟುಗಳ ವಿಚಾರ ಹೇಳುತ್ತದೆ. ಹೆಸರುಗಳು ಉಳಿದವು. ಆ ಹೆಸರಿನ ಪಟ್ಟು ಹಾಕುವಾಗ ಸೊಂಟ ಎತ್ತ ತಿರುಗುತ್ತಿತ್ತು ಎಂಬುದನ್ನು ಓಲೆಗರಿ ಹೇಳಲಾರದು.

ಚಲಿಸುವ ಚಿತ್ರ ಬಂದ ಮೇಲೆ ಆ ಖಾಲಿ ಜಾಗ ತುಂಬಿತು. ಎಡ್ವರ್ಡ್ ಮೈಬ್ರಿಜ್ 1887ರಲ್ಲಿ ಹೊರತಂದ 781 ಫಲಕಗಳ ಸಂಗ್ರಹದಲ್ಲೇ ಮುಷ್ಟಿಕಾಳಗ ಮತ್ತು ಕುಸ್ತಿಯ ಸರಣಿ ಛಾಯಾಚಿತ್ರಗಳಿದ್ದವು. ಅಲ್ಲಿಂದ ಮುಂದೆ ಮಧ್ಯದ ಹೆಜ್ಜೆಯೂ ಕಣ್ಣಿಗೆ ಸಿಗತೊಡಗಿತು. ಬಲ ಮಾತ್ರ ಆಗಲೂ ಸಿಗಲಿಲ್ಲ.

ಜೂಡೊ ಇದಕ್ಕೆ ಸ್ಪಷ್ಟ ಉದಾಹರಣೆ. 1882ರಲ್ಲಿ ಟೋಕಿಯೊದಲ್ಲಿ ಕೊಡೊಕಾನ್ ಶಾಲೆ ತೆರೆದ ಕಾನೊ ಜಿಗೊರೊ ಎಸೆತವನ್ನು ಮೂರು ಹಂತವಾಗಿ ಬಿಡಿಸಿದರು: ಕುಜುಶಿ, ತ್ಸುಕುರಿ, ಕಾಕೆ. ಮೊದಲು ಎದುರಾಳಿಯ ಸಮತೋಲ ಕೆಡಿಸುವುದು, ಆಮೇಲೆ ತನ್ನ ಮೈಯನ್ನು ಸರಿಯಾದ ಜಾಗಕ್ಕೆ ತರುವುದು, ಕೊನೆಗೆ ಎಸೆಯುವುದು. ನೋಡುವವರ ಕಣ್ಣು ಹೋಗುವುದು ಕೊನೆಯ ಹಂತದ ಮೇಲೆ, ಏಕೆಂದರೆ ಮನುಷ್ಯ ಗಾಳಿಯಲ್ಲಿ ಹಾರುವುದು ಅಲ್ಲಿ. ಕೆಲಸ ಮುಗಿದಿರುವುದು ಮೊದಲ ಹಂತದಲ್ಲಿ. ತೋಳಿನ ಬಟ್ಟೆಯ ಮೇಲೆ ಒಂದು ಎಳೆತ, ಹಿಮ್ಮಡಿಯ ಮೇಲೆ ಜಾರಿದ ಭಾರ, ಅಷ್ಟೇ. ಎಷ್ಟೋ ಬಾರಿ ಅದು ಪರದೆಯ ಮೇಲೆ ಒಂದೆರಡು ಬೆರಳಗಲ ಚಲನೆಯೂ ಆಗಿರುವುದಿಲ್ಲ. ಹೊಸಬ ವಿಡಿಯೊ ನೋಡಿ ಕಾಲನ್ನು ಜೋರಾಗಿ ಬೀಸುತ್ತಾನೆ. ಎದುರಾಳಿ ಕಂಬದಂತೆ ನಿಂತೇ ಇರುತ್ತಾನೆ.

ಮಿಫುನೆ ಕ್ಯೂಜೊ ಎಂಬ, ಜೂಡೊದ ಹತ್ತನೆಯ ದಾನ್ ಶ್ರೇಣಿಯ ಗುರುವಿನ ಬಗ್ಗೆ 1955ರಲ್ಲಿ ಮಾಡಿದ ಚಿತ್ರ ಈ ತೊಡಕನ್ನು ಅರ್ಧ ದಾಟುತ್ತದೆ, ಅರ್ಧದಲ್ಲಿ ನಿಲ್ಲುತ್ತದೆ. ಮಿಫುನೆಗೆ ಆಗ 70 ದಾಟಿತ್ತು, ಆಳು ಚಿಕ್ಕದು. ತನಗಿಂತ ಎಷ್ಟೋ ದೊಡ್ಡ ಮೈಯ ಕಿರಿಯರ ಜೊತೆ ಅವರು ಆಡುವ ದೃಶ್ಯಗಳು ಇಂದಿಗೂ ಬೆರಗು ಹುಟ್ಟಿಸುತ್ತವೆ. ಕಾಲು ಸೊಂಟ ಯಾವುದೂ ತಾಗದೆ, ಬರೀ ಕೈಯಲ್ಲಿ ಎದುರಾಳಿಯನ್ನು ಮಗುಚಿ ಹಾಕುವ ಅವರ ಹೆಸರಾಂತ ಪಟ್ಟು ಸಂದೇಹ ಹುಟ್ಟಿಸುವಷ್ಟು ಸಲೀಸಾಗಿ ಕಾಣುತ್ತದೆ. ಅದು ಸಲೀಸಾಗಿ ಕಾಣುವುದೇ ಪಾಠವಾಗಿ ಅದರ ಕೊರತೆ. ಆ ಕ್ಷಣದಲ್ಲಿ ಬಿದ್ದವನ ಭಾರ ಯಾವ ಕಾಲ್ಬೆರಳ ಮೇಲಿತ್ತು ಎಂದು ತಿಳಿಯದೆ ಅದನ್ನು ಕಲಿಯುವಂತಿಲ್ಲ.

ಹಾಗಾದರೆ ಒಳ್ಳೆಯ ಪಾಠಚಿತ್ರ ಮಾಡುವವರು ಮಾಡುವುದೇನು? ಮೊದಲನೆಯ ನಿರ್ಧಾರ ವೇಗದ್ದು. ಕಲಿಯುವವರಿಗೆ ಅನುಕೂಲವಾಗಲೆಂದು ಗುರುಗಳು ಪಟ್ಟನ್ನು ನಿಧಾನವಾಗಿ ಮಾಡಿ ತೋರಿಸುತ್ತಾರೆ. ಗುದ್ದಿಗೆ, ವರಸೆಗೆ ಅದು ಸರಿ. ಎಸೆತಕ್ಕೆ ಸರಿಯಲ್ಲ. ಬೀಳುವ ದೇಹವನ್ನು ಭೂಮಿ ನಿಧಾನವಾಗಿ ಎಳೆಯುವುದಿಲ್ಲ. ಹೀಗಾಗಿ ನಿಧಾನವಾಗಿ ಎಸೆಯಹೊರಟವನು ಎದುರಾಳಿಯನ್ನು ಎತ್ತಿ ಹಿಡಿದು ಇಳಿಸುತ್ತಾನೆ, ಬೀಳುವವನೂ ಅದಕ್ಕೆ ಸಹಕರಿಸುತ್ತಾನೆ. ತೆರೆಯ ಮೇಲೆ ಬಂದದ್ದು ಬೇರೆಯೇ ಒಂದು ಚಲನೆ. ಸರಿಯಾದ ದಾರಿಯೆಂದರೆ ಪೂರ್ಣ ವೇಗದಲ್ಲಿ ಎಸೆದು, ಹೆಚ್ಚು ಫ್ರೇಮುಗಳಲ್ಲಿ ಚಿತ್ರಿಸಿ, ಆಮೇಲೆ ನಿಧಾನವಾಗಿ ಓಡಿಸುವುದು.

ಲೆಕ್ಕ ಹಾಕಿ ನೋಡಿದರೆ ಇದರ ಅಗತ್ಯ ಗೊತ್ತಾಗುತ್ತದೆ. ಎಂಐಟಿಯ ಭೌತವಿಜ್ಞಾನಿ ಮೈಕಲ್ ಫೆಲ್ಡ್ ಮತ್ತು ಜೊತೆಗಾರರು 1979ರಲ್ಲಿ ಕರಾಟೆಯ ಭೌತಶಾಸ್ತ್ರದ ಬಗ್ಗೆ ಬರೆದ ಲೇಖನದ ಪ್ರಕಾರ ನುರಿತವರ ನೇರ ಗುದ್ದು ಸೆಕೆಂಡಿಗೆ ಹತ್ತು ಮೀಟರಿನ ಹತ್ತಿರ ಹೋಗುತ್ತದೆ. ಒಂಬತ್ತು ಮೀಟರ್ ಎಂದೇ ಇಟ್ಟುಕೊಂಡರೂ, ಸಿನಿಮಾದ ಮಾಮೂಲಿ ಸೆಕೆಂಡಿಗೆ 24 ಫ್ರೇಮಿನ ವೇಗದಲ್ಲಿ ಒಂದು ಫ್ರೇಮಿನಿಂದ ಇನ್ನೊಂದಕ್ಕೆ ಮುಷ್ಟಿ 37 ಸೆಂಟಿಮೀಟರ್ ದಾಟಿಬಿಟ್ಟಿರುತ್ತದೆ. ಗುದ್ದಿನ ಮುಖ್ಯ ಭಾಗವೆಲ್ಲ ಎರಡು ಫ್ರೇಮಿನಲ್ಲಿ ಮುಗಿಯಿತು. 120 ಫ್ರೇಮಿನಲ್ಲಿ ತೆಗೆದರೆ ಅದೇ ಅಂತರ ಏಳೂವರೆ ಸೆಂಟಿಮೀಟರಿಗೆ ಇಳಿಯುತ್ತದೆ, ಮಣಿಕಟ್ಟು ತಿರುಗುವುದು ಕಾಣತೊಡಗುತ್ತದೆ. ಶಟರ್ ಮಾತು ಬೇರೆ. ಸೆಕೆಂಡಿನ ಐವತ್ತನೇ ಒಂದು ಭಾಗ ತೆರೆದಿದ್ದರೆ ಮುಷ್ಟಿ 18 ಸೆಂಟಿಮೀಟರ್ ಉದ್ದದ ಮಸುಕು ಗೆರೆಯಾಗುತ್ತದೆ. ಸಾವಿರದ ಒಂದು ಭಾಗಕ್ಕೆ ತಂದರೆ ಮಸುಕು ಒಂದು ಸೆಂಟಿಮೀಟರಿಗಿಂತ ಕಡಿಮೆ. ಅದಕ್ಕೆ ತೆರಬೇಕಾದ ಬೆಲೆ ಇಪ್ಪತ್ತು ಪಟ್ಟು ಬೆಳಕು. ಟ್ಯೂಬ್‌ಲೈಟಿನ ಕೆಳಗೆ ಈ ಕೆಲಸ ಮಾಡಲು ಹೋದರೆ, ನಮ್ಮ 50 ಹರ್ಟ್ಸ್ ವಿದ್ಯುತ್ತಿನಲ್ಲಿ ಸೆಕೆಂಡಿಗೆ ನೂರು ಸಲ ಮಿಣುಕುವ ದೀಪ ಚಿತ್ರದಲ್ಲಿ ಪಟಪಟನೆ ಬಡಿಯತೊಡಗುತ್ತದೆ. ಬಯಲಿನ ಹಗಲು ಬೆಳಕಿಗೆ ಸಮನಾದದ್ದು ಇಲ್ಲ.

ಎರಡನೆಯದು ಕ್ಯಾಮೆರಾ ನಿಲ್ಲುವ ಜಾಗ. ಇಲ್ಲಿ ಸಿನಿಮಾದ ಫೈಟ್ ಮಾಸ್ಟರ್ ಮತ್ತು ಪಾಠಚಿತ್ರ ಮಾಡುವವರ ದಾರಿ ನೇರ ವಿರುದ್ಧ. ಸಿನಿಮಾದಲ್ಲಿ ನಾಯಕನ ಮುಷ್ಟಿ ಖಳನ ಕೆನ್ನೆಯಿಂದ ಗೇಣು ದೂರದಲ್ಲಿ ಹಾದು ಹೋಗುತ್ತದೆ. ಕ್ಯಾಮೆರಾ ಇಬ್ಬರ ಸಾಲಿನಲ್ಲೇ, ಒಬ್ಬರ ಹೆಗಲ ಹಿಂದೆ ನಿಂತಿರುವುದರಿಂದ ಆ ಗೇಣು ಮಾಯವಾಗುತ್ತದೆ. ದೂರದಿಂದ ಲಾಂಗ್ ಲೆನ್ಸ್ ಹಾಕಿದರೆ ಆಳವೆಲ್ಲ ಚಪ್ಪಟೆಯಾಗಿ ಮೋಸ ಇನ್ನೂ ಸಲೀಸು. ಕಲಿಯುವವನಿಗೆ ಬೇಕಾದದ್ದು ಆ ಗೇಣಿನ ಅಳತೆಯೇ. ಎಷ್ಟು ಹತ್ತಿರ ಹೋದರೆ ಗುದ್ದು ತಾಗುತ್ತದೆ, ಎಷ್ಟು ಹಿಂದೆ ಸರಿದರೆ ತಪ್ಪುತ್ತದೆ ಎಂಬುದೇ ಅರ್ಧ ವಿದ್ಯೆ. ಆದ್ದರಿಂದ ಪಾಠದ ಕ್ಯಾಮೆರಾ ಇಬ್ಬರ ಸಾಲಿಗೆ ಅಡ್ಡವಾಗಿ, ಸೊಂಟದ ಎತ್ತರದಲ್ಲಿ, ಪಾದಗಳು ಚೌಕಟ್ಟಿನೊಳಗೆ ಇರುವಂತೆ ನಿಲ್ಲಬೇಕು. ಮುಖದ ಕ್ಲೋಸಪ್ ಇಲ್ಲಿ ಕೆಲಸಕ್ಕೆ ಬಾರದು. ಪಾದ ಕತ್ತರಿಸಿಹೋದ ಪಾಠಚಿತ್ರ ಪಾಠವೇ ಅಲ್ಲ.

ಒಂದು ಕೋನ ಸಾಲುವುದೂ ಇಲ್ಲ. ಒ-ಸೊತೊ-ಗಾರಿ ಎಂಬ ಜೂಡೊ ಎಸೆತವನ್ನೇ ತೆಗೆದುಕೊಳ್ಳಿ. ಎದುರಾಳಿಯ ಬಲಗಾಲನ್ನು ಹೊರಗಿನಿಂದ ಬಲಗಾಲಲ್ಲಿ ಕೊಯ್ದು ಬೀಳಿಸುವ ಪಟ್ಟು. ಎಸೆಯುವವನ ಬೆನ್ನ ಹಿಂದೆ ನಿಂತ ಕ್ಯಾಮೆರಾಕ್ಕೆ ಬೆನ್ನು ಬಿಟ್ಟರೆ ಏನೂ ಕಾಣದು. ಎದುರಾಳಿಯ ಬಲಪಕ್ಕದಿಂದ ನೋಡಿದರೆ ಅವನ ಎದೆ ಹಿಂದಕ್ಕೆ ವಾಲಿ ಭಾರವೆಲ್ಲ ಬಲ ಹಿಮ್ಮಡಿಗೆ ಬರುವುದು ಕಾಣುತ್ತದೆ. ಅವನ ಬೆನ್ನ ಕಡೆಯಿಂದ ನೋಡಿದರೆ ಕಾಲು ಕೊಕ್ಕೆಯಾಗಿ ಸಿಕ್ಕಿಕೊಳ್ಳುವುದು ಕಾಣುತ್ತದೆ. ಎರಡೂ ಬೇಕು. ಕೊಡೊಕಾನ್ ಈಗ ತನ್ನ 68 ಎಸೆತ ಮತ್ತು 32 ನೆಲದ ಹಿಡಿತಗಳಿಗೆ, ಒಟ್ಟು ನೂರು ತಂತ್ರಗಳಿಗೆ ಪುಟ್ಟ ಪುಟ್ಟ ಚಿತ್ರಗಳನ್ನು ಮಾಡಿ ಯೂಟ್ಯೂಬಿನಲ್ಲಿ ಉಚಿತವಾಗಿ ಇಟ್ಟಿದೆ. ಗದ್ದಲವಿಲ್ಲ, ಹಿನ್ನೆಲೆ ಸಂಗೀತದ ಆರ್ಭಟವಿಲ್ಲ. ಈ ಕ್ಷೇತ್ರದಲ್ಲಿ ಅದಕ್ಕಿಂತ ನಂಬಿಕಸ್ತ ಸಂಗ್ರಹ ಸಿಗುವುದು ಕಷ್ಟ.

ನೆಲದ ಮೇಲಿನ ಕಾದಾಟದಲ್ಲಂತೂ ನಾಲ್ಕು ಕೈ ನಾಲ್ಕು ಕಾಲು ಗಂಟುಬಿದ್ದು ಯಾವುದು ಯಾರದು ಎಂದೇ ತಿಳಿಯುವುದಿಲ್ಲ. ಮೇಲಿನಿಂದ ಒಂದು ಕ್ಯಾಮೆರಾ ಇಟ್ಟರೂ ಇಬ್ಬರೂ ಬಿಳಿ ಉಡುಪಿನಲ್ಲಿದ್ದರೆ ಪ್ರಯೋಜನವಿಲ್ಲ. ನೆದರ್‌ಲ್ಯಾಂಡ್ಸ್‌ನ ಒಲಿಂಪಿಕ್ ಚಾಂಪಿಯನ್ ಆಂಟನ್ ಗೀಸಿಂಕ್ 1986ರಲ್ಲಿ ಒಬ್ಬರಿಗೆ ನೀಲಿ ಉಡುಪು ಕೊಡಿ ಎಂದಾಗ ಜಪಾನ್ ಬಲವಾಗಿ ವಿರೋಧಿಸಿತು. ಬಿಳಿ ಅವರಿಗೆ ಪರಿಶುದ್ಧತೆಯ ಗುರುತು. ಕೊನೆಗೆ 1997ರಲ್ಲಿ ಅಂತರರಾಷ್ಟ್ರೀಯ ಜೂಡೊ ಒಕ್ಕೂಟ ಒಪ್ಪಿತು. 2000ದ ಸಿಡ್ನಿ ಒಲಿಂಪಿಕ್ಸಿನಲ್ಲಿ ನೀಲಿ-ಬಿಳಿ ಎದುರುಬದುರಾದವು. ಟಿವಿ ನೋಡುವವರಿಗಾಗಿ ಬಂದ ಬದಲಾವಣೆ ಪಾಠಚಿತ್ರಗಳಿಗೂ ವರವಾಯಿತು. ಫಿಯೊರೆಯ ಕಿರೀಟ ಮತ್ತು ಪಟ್ಟಿ ಬಣ್ಣದ ರೂಪದಲ್ಲಿ ವಾಪಸು ಬಂದಂತಾಯಿತು.

ಇಷ್ಟೆಲ್ಲ ಮಾಡಿದ ಮೇಲೂ ಬಲ ಕಾಣುವುದಿಲ್ಲವಲ್ಲ? ಅದನ್ನು ತಲುಪಿಸಲು ಉಳಿದಿರುವ ಸಾಧನ ಮಾತು. ಅದರಲ್ಲೂ ಎಸೆಯುವವನ ಮಾತಿಗಿಂತ ಬೀಳುವವನ ಮಾತು. ಬಹುತೇಕ ಪಾಠಚಿತ್ರಗಳಲ್ಲಿ ಪಟ್ಟು ತಿನ್ನುವ ಆಸಾಮಿ ಮೂಕ ಗೊಂಬೆ. ಗುರು ಹೇಳಿದಲ್ಲಿ ಬಿದ್ದು, ಎದ್ದು, ಮತ್ತೆ ಬೀಳುತ್ತಾನೆ. ಭಾರ ಯಾವ ಕ್ಷಣದಲ್ಲಿ ತನ್ನ ಕೈತಪ್ಪಿತು, ಯಾವ ಬೆರಳು ನೆಲ ಬಿಟ್ಟಿತು, ಯಾವಾಗ ಉಸಿರು ಬಿಗಿಯಿತು ಎಂದು ನಿಜವಾಗಿ ಗೊತ್ತಿರುವವನು ಅವನೊಬ್ಬನೇ. ಅವನಿಗೊಂದು ಮೈಕ್ ಕೊಡುವುದಕ್ಕೆ ಹೆಚ್ಚು ಖರ್ಚಿಲ್ಲ. ತಪ್ಪಾಗಿ ಮಾಡಿದ ಪಟ್ಟನ್ನೂ ಹಾಗೆಯೇ ಉಳಿಸಿಕೊಳ್ಳಬೇಕು. ಎಳೆತವಿಲ್ಲದೆ ಕಾಲು ಬೀಸಿದರೆ ಎದುರಾಳಿ ಅಲುಗುವುದೇ ಇಲ್ಲ ಎಂದು ತೋರಿಸಿದಾಗಲೇ ಎಳೆತದ ಇರವು ಕಣ್ಣಿಗೆ ಗೊತ್ತಾಗುವುದು.

ಮಾತಿನ ಬೆಲೆಯನ್ನು ಚೆನ್ನಾಗಿ ಅರಿತವರು ಬ್ರೆಜಿಲಿಯನ್ ಜುಜಿತ್ಸು ಲೋಕದವರು. ರೋರಿಯನ್ ಗ್ರೇಸಿ 1988ರಲ್ಲಿ ತಮ್ಮ ಮನೆತನದ ಸವಾಲಿನ ಕಾಳಗಗಳ ವಿಡಿಯೊ ಟೇಪು ಹೊರತಂದರು. 1993ರ ನವೆಂಬರಿನಲ್ಲಿ ಡೆನ್ವರ್ ನಗರದ ಮೊದಲ ಯುಎಫ್‌ಸಿ ಕಾಳಗ ಪಂದ್ಯಾವಳಿಯಲ್ಲಿ ಅವರ ತಮ್ಮ ರಾಯ್ಸ್ ಗ್ರೇಸಿ ಗೆದ್ದ ಮೇಲೆ ಪಾಠದ ಟೇಪುಗಳಿಗೆ ಬೇಡಿಕೆ ಏರಿತು. ಹತ್ತಿರದಲ್ಲಿ ಗುರುವೇ ಇಲ್ಲದ ಊರಿನವರು ಗ್ಯಾರೇಜಿನಲ್ಲಿ ಚಾಪೆ ಹಾಸಿ, ಟೇಪು ನಿಲ್ಲಿಸಿ ನಿಲ್ಲಿಸಿ ಕಲಿತರು. 2018ರಲ್ಲಿ ನ್ಯೂಯಾರ್ಕಿನಲ್ಲಿ ಕಲಿಸುತ್ತಿದ್ದ ನ್ಯೂಜಿಲೆಂಡಿನ ಜಾನ್ ಡ್ಯಾನಹರ್ ಕಾಲಿನ ಹಿಡಿತಗಳ ಕುರಿತು ಗಂಟೆಗಟ್ಟಲೆ ಉದ್ದದ ಪಾಠ ಸರಣಿ ತಂದಾಗ ಹಲವರಿಗೆ ಅದು ಎಳೆದಾಡಿದಂತೆ ಕಂಡಿತು. ತತ್ವಶಾಸ್ತ್ರ ಓದಿದ ಮನುಷ್ಯ. ಪಟ್ಟು ತೋರಿಸುವ ಮೊದಲು ಎದುರಾಳಿಯ ದೇಹದ ಯಾವ ಚಲನೆಯನ್ನು ಏಕೆ ತಡೆಯಬೇಕು ಎಂದು ನಿಮಿಷಗಟ್ಟಲೆ ವಿವರಿಸುತ್ತಾರೆ. ಒಂದು ನಿಮಿಷದ ರೀಲ್ಸ್ ಕಾಲದಲ್ಲಿ ಇಂಥ ಉದ್ದ ಚಿತ್ರಕ್ಕೆ ಹಣ ಕೊಡುವವರಿದ್ದಾರೆ ಎಂಬುದು ಕಲಿಯುವವರ ಬಗ್ಗೆ ಭರವಸೆ ಮೂಡಿಸುವ ಸಂಗತಿ.

ಅದೇ ಹಿಡಿತಗಳಲ್ಲಿ ಅಪಾಯವೂ ಅಡಗಿದೆ. ಹಿಮ್ಮಡಿ ತಿರುಚುವ ಪಟ್ಟಿನಲ್ಲಿ ನೋವು ಗೊತ್ತಾಗುವ ಮೊದಲೇ ಮೊಣಕಾಲಿನ ಕಟ್ಟು ಹರಿದಿರಬಹುದು. ಕುತ್ತಿಗೆಯ ರಕ್ತನಾಳ ಅದುಮುವ ಹಿಡಿತಕ್ಕೆ ಸಿಕ್ಕವನು ಹತ್ತು ಸೆಕೆಂಡಿನ ಆಸುಪಾಸಿನಲ್ಲಿ ಪ್ರಜ್ಞೆ ತಪ್ಪಬಲ್ಲ. ಆದ್ದರಿಂದ ಯಾವಾಗ ಬಿಡಬೇಕು, ಕೈ ತಟ್ಟಿ ಸೋಲೊಪ್ಪುವುದು ಹೇಗೆ ಎಂಬುದು ಚಿತ್ರದ ಮೊದಲ ಭಾಗದಲ್ಲೇ ಬರಬೇಕು. ಕೊನೆಯಲ್ಲಿ ಸಣ್ಣ ಅಕ್ಷರದಲ್ಲಿ ಬಂದರೆ ಯಾರೂ ಓದುವುದಿಲ್ಲ. ಜೂಡೊದಲ್ಲಿ ಎಸೆಯುವುದಕ್ಕೆ ಮುಂಚೆ ಬೀಳುವುದನ್ನು ಕಲಿಸುತ್ತಾರೆ, ಆ ಕ್ರಮ ಚಿತ್ರದಲ್ಲೂ ತಪ್ಪಬಾರದು.

ನೋಡುವುದರಿಂದ ನಿಜಕ್ಕೂ ಲಾಭ ಪಡೆದವರು ಯಾರೆಂದು ಹುಡುಕಿದರೆ ಮುಷ್ಟಿಕಾಳಗದ ಪಟು ಮೈಕ್ ಟೈಸನ್ ಸಿಗುತ್ತಾರೆ. ಹುಡುಗನಾಗಿದ್ದಾಗ ಕ್ಯಾಟ್‌ಸ್ಕಿಲ್ ಊರಿನಲ್ಲಿ ಗುರು ಕಸ್ ಡಮಾಟೊ ಆಶ್ರಯದಲ್ಲಿದ್ದು, ಜಿಮ್ ಜೇಕಬ್ಸ್ ಸಂಗ್ರಹದ ಹಳೆಯ ಮುಷ್ಟಿಕಾಳಗದ ರೀಲುಗಳನ್ನು ಮತ್ತೆ ಮತ್ತೆ ನೋಡುತ್ತಿದ್ದರು. ಜೊತೆಗೇ ಜಿಮ್ಮಿನಲ್ಲಿ ಗುರುವಿನ ಕಣ್ಣೆದುರು ಅಭ್ಯಾಸ. ರೀಲಿನಲ್ಲಿ ಕಂಡ ತಲೆ ತಪ್ಪಿಸುವ ಚಲನೆಗೆ ಮರುದಿನವೇ ಉತ್ತರ ಕೊಡಲು ಎದುರಾಳಿಯ ಕೈಯಿತ್ತು.

ಈಗ ಕ್ಯಾಮೆರಾದ ಮಿತಿ ದಾಟುವ ಪ್ರಯತ್ನಗಳೂ ನಡೆದಿವೆ. ಹಾಂಗ್‌ಕಾಂಗಿನಲ್ಲಿ 2010ರ ದಶಕದಿಂದ ಸಮರಕಲೆಗಳ ಜೀವಂತ ದಾಖಲೆ ಯೋಜನೆಯೊಂದು ವಯಸ್ಸಾದ ಗುರುಗಳ ಮೈಗೆ ಗುರುತುಗಳನ್ನು ಅಂಟಿಸಿ, ಮೋಷನ್ ಕ್ಯಾಪ್ಚರ್ ಮೂಲಕ ಅವರ ವರಸೆಗಳನ್ನು ಹಿಡಿದಿಡುತ್ತಿದೆ. ಹಕ್ಕಾ ಸಮುದಾಯದ ಕುಂಗ್‌ಫು ಶೈಲಿಗಳಿಗೆ ಅದರಲ್ಲಿ ಮುಖ್ಯ ಜಾಗ. ಹೀಗೆ ಹಿಡಿದ ಚಲನೆಯನ್ನು ಯಾವ ಕೋನದಿಂದ ಬೇಕಾದರೂ ತಿರುಗಿಸಿ ನೋಡಬಹುದು.

ಕರ್ನಾಟಕದಲ್ಲೂ ಈ ಕೆಲಸಕ್ಕೆ ಕಾದಿರುವ ವಿದ್ಯೆಯಿದೆ. ವಿಜಯದಶಮಿಯ ದಿನ ಮೈಸೂರು ಅರಮನೆಯಲ್ಲಿ ನಡೆಯುವ ವಜ್ರಮುಷ್ಟಿ ಕಾಳಗವನ್ನು ಪ್ರತಿ ವರ್ಷ ಎಷ್ಟೋ ಕ್ಯಾಮೆರಾಗಳು ಸೆರೆಹಿಡಿಯುತ್ತವೆ. ತಲೆ ಬೋಳಿಸಿಕೊಂಡ ಜಟ್ಟಿಗಳು ಕೈಗೆ ಮುಷ್ಟಿ ಆಯುಧ ಧರಿಸಿ ಎದುರಾಗುತ್ತಾರೆ, ಒಬ್ಬನ ತಲೆಯಿಂದ ರಕ್ತ ಚಿಮ್ಮಿದೊಡನೆ ಕಾಳಗ ಮುಗಿಯುತ್ತದೆ. ಕೆಲವೇ ಕ್ಷಣಗಳ ಆಟ. ಟಿವಿಯಲ್ಲಿ ಬರುವುದೂ ಆ ಕ್ಷಣಗಳೇ. ಅದರ ಹಿಂದಿನ ತಯಾರಿ, ಆಯುಧ ಹಿಡಿದ ಕೈಯನ್ನು ಕಟ್ಟಿಹಾಕುವ ಹಿಡಿತ, ಹೆಜ್ಜೆ ಹಿಂದಿಡುವ ಲೆಕ್ಕ ಇವೆಲ್ಲ ಇರುವುದು ಗರಡಿಯಲ್ಲಿ, ಉಸ್ತಾದರ ಮೈಯಲ್ಲಿ. ಅದನ್ನು ದಾಖಲಿಸಲು ಭಾರೀ ಯಂತ್ರವೇನೂ ಬೇಡ. ಇಂದಿನ ಸಾಮಾನ್ಯ ಮೊಬೈಲುಗಳಲ್ಲೇ 120 ಫ್ರೇಮು ಸಿಗುತ್ತದೆ. ಅಡ್ಡದಿಂದ ಒಂದು, ಬೆನ್ನ ಕಡೆಯಿಂದ ಒಂದು, ಮೇಲಿನಿಂದ ಒಂದು ಇಟ್ಟು, ಜಟ್ಟಿಗಳಿಗೆ ಬೇರೆ ಬೇರೆ ಬಣ್ಣದ ಕಾಚ ಉಡಿಸಿ, ಬೆಳಗಿನ ಬೆಳಕಿನಲ್ಲಿ ಚಿತ್ರಿಸಬಹುದು. ಉಸ್ತಾದರು ಹುಡುಗನ ಮೊಣಕೈ ಹಿಡಿದು ತಿದ್ದುವಾಗ ಕ್ಯಾಮೆರಾ ನಿಲ್ಲಿಸುವುದು ಬೇಡ. ಪಟ್ಟು ತಿಂದು ಎದ್ದವನನ್ನು ಅಲ್ಲೇ ನಿಲ್ಲಿಸಿ, ಎಲ್ಲಿ ಎಳೆದಂತಾಯಿತು, ಯಾವ ಕಾಲು ಹಗುರಾಯಿತು ಎಂದು ಕೇಳಿ, ಮೈಗೆ ಮೆತ್ತಿದ ಕೆಮ್ಮಣ್ಣು ಒರೆಸಿಕೊಳ್ಳುವ ಮೊದಲೇ ಅವನ ಉತ್ತರವನ್ನೂ ದಾಖಲಿಸಿಕೊಳ್ಳಬೇಕು.